ಮಹಾನಗರದ ಮೇಯರ್ ಕೆಲಸವನ್ನು ಆರಂಭಿಸುವುದು ಎಲ್ಲಿಂದ? ಹೊಣೆ ದೊಡ್ಡದು, ಅಧಿಕಾರ ಚಿಕ್ಕದು ಆಗಿರುವ ಹುದ್ದೆಗೊಂದು ಕೈಪಿಡಿ

ದೊಡ್ಡ ನಗರದಲ್ಲಿ ನಲ್ಲಿಗೆ ನೀರು ಬಾರದಿದ್ದರೆ, ಬಸ್ಸು ಹೊತ್ತಿಗೆ ಸಿಗದಿದ್ದರೆ, ಮಳೆಯ ನೀರು ಮನೆಯೊಳಕ್ಕೆ ನುಗ್ಗಿದರೆ ಜನ ಮೊದಲು ಹುಡುಕುವುದು ಮೇಯರ್ ಅವರನ್ನು. ಆದರೆ ಬಹಳಷ್ಟು ನಗರಗಳಲ್ಲಿ ನೀರು ಒಂದು ಮಂಡಳಿಯ ಕೈಯಲ್ಲಿ, ಬಸ್ಸು ಇನ್ನೊಂದು ನಿಗಮದ ಕೈಯಲ್ಲಿ, ಪೊಲೀಸ್ ಇಲಾಖೆ ಮೇಲಿನ ಸರ್ಕಾರದ ಕೈಯಲ್ಲಿ ಇರುತ್ತದೆ. ಮೇಯರ್ ಪಾಲಿಗೆ ಉಳಿಯುವುದು ಕಸ ವಿಲೇವಾರಿ, ಬೀದಿದೀಪ, ಒಂದಷ್ಟು ರಸ್ತೆಗಳು ಮತ್ತು ಇಡೀ ನಗರದ ನಿರೀಕ್ಷೆ. ಮಹಾನಗರದ ಆಡಳಿತದಲ್ಲಿ ಎದುರಾಗುವ ಕಷ್ಟಗಳಲ್ಲಿ ಹೆಚ್ಚಿನವು ಹುಟ್ಟುವುದು ಹೊಣೆಗೂ ಅಧಿಕಾರಕ್ಕೂ ನಡುವಿನ ಈ ಅಂತರದಲ್ಲಿ ಎಂಬುದು ನನ್ನ ದೃಢವಾದ ನಂಬಿಕೆ. ಆ ಅಂತರವನ್ನು ಇಟ್ಟುಕೊಂಡೇ ಕೆಲಸ ಮಾಡುವ ಬಗೆಯನ್ನು ಇಲ್ಲಿ ವಿವರಿಸಲಾಗಿದೆ. ಹೊಸದಾಗಿ ಮೇಯರ್ ಆದವರಿಗೆ, ಅವರ ಕಚೇರಿಯಲ್ಲಿ ದುಡಿಯುವವರಿಗೆ ಮತ್ತು ತಮ್ಮ ಮೇಯರ್ ಅವರಿಗೆ ಸರಿಯಾದ ಪ್ರಶ್ನೆಗಳನ್ನು ಕೇಳಬಯಸುವ ನಾಗರಿಕರಿಗೆ ಇದು ನೆರವಾದೀತು.

ಮೊದಲು ಅಧಿಕಾರದ ನಕ್ಷೆಯನ್ನು ಬರೆದುಕೊಳ್ಳಿ

ಪ್ರಮಾಣವಚನ ಸ್ವೀಕರಿಸಿದ ಮಾರನೆಯ ದಿನ ಮಾಡಬೇಕಾದದ್ದು ಹೊಸ ಯೋಜನೆಯ ಘೋಷಣೆಯಲ್ಲ. ನಗರದ ಸೇವೆಗಳನ್ನೆಲ್ಲ ಒಂದು ದೊಡ್ಡ ಹಾಳೆಯ ಮೇಲೆ ಬರೆದು, ಪ್ರತಿಯೊಂದರ ಎದುರು ನಾಲ್ಕು ಪ್ರಶ್ನೆಗಳಿಗೆ ಉತ್ತರ ತುಂಬಬೇಕು: ಈ ಸೇವೆಯನ್ನು ನಡೆಸುವ ಸಂಸ್ಥೆ ಯಾವುದು, ಅದರ ಮುಖ್ಯಸ್ಥರನ್ನು ನೇಮಿಸುವವರು ಮತ್ತು ತೆಗೆಯುವವರು ಯಾರು, ಹಣ ಎಲ್ಲಿಂದ ಬರುತ್ತದೆ, ನಿಯಮವನ್ನು ಬದಲಿಸಬೇಕಾದರೆ ಯಾವ ಸಭೆಯಲ್ಲಿ ಬದಲಿಸಬೇಕು. ನಾಲ್ಕರಲ್ಲಿ ಎರಡನೆಯದೇ ಮುಖ್ಯ. ಮುಖ್ಯಸ್ಥರನ್ನು ಬದಲಿಸುವ ಅಧಿಕಾರವಿಲ್ಲದ ಕಡೆ ಮೇಯರ್ ಆದೇಶವೆಂದು ಬರೆದ ಪತ್ರವೂ ವಿನಂತಿಯಾಗಿಯೇ ಉಳಿಯುತ್ತದೆ.

ಈ ನಕ್ಷೆ ಏಕೆ ಬೇಕೆಂಬುದನ್ನು ತಿಳಿಯಲು ಲಂಡನ್ ಮತ್ತು ನ್ಯೂಯಾರ್ಕ್ ನಗರಗಳನ್ನು ಅಕ್ಕಪಕ್ಕದಲ್ಲಿಟ್ಟು ನೋಡಬೇಕು. 1986ರಲ್ಲಿ ಗ್ರೇಟರ್ ಲಂಡನ್ ಕೌನ್ಸಿಲ್ ರದ್ದಾದ ಮೇಲೆ ಹದಿನಾಲ್ಕು ವರ್ಷಗಳ ಕಾಲ ಲಂಡನ್ನಿಗೆ ಇಡೀ ನಗರವನ್ನು ಪ್ರತಿನಿಧಿಸುವ ಚುನಾಯಿತ ಆಡಳಿತವೇ ಇರಲಿಲ್ಲ. 1999ರ ಕಾಯ್ದೆ ಮೇಯರ್ ಹುದ್ದೆಯನ್ನು ಸೃಷ್ಟಿಸಿತು. 2000ದಲ್ಲಿ ಕೆನ್ ಲಿವಿಂಗ್‌ಸ್ಟನ್ ಮೊದಲ ಮೇಯರ್ ಆಗಿ ಆಯ್ಕೆಯಾದರು. ಕಸ, ಶಾಲೆ, ಸ್ಥಳೀಯ ರಸ್ತೆಗಳು 32 ಬರೋಗಳು (ನಗರದೊಳಗಿನ ಸ್ಥಳೀಯ ಆಡಳಿತ ಘಟಕಗಳು) ಮತ್ತು ಸಿಟಿ ಆಫ್ ಲಂಡನ್ ಆಡಳಿತದ ಬಳಿಯೇ ಉಳಿದವು. ಆದರೆ ಸಾರಿಗೆ ಸಂಸ್ಥೆ ಮೇಯರ್ ಅಧೀನಕ್ಕೆ ಬಂತು, ರಸ್ತೆ ಬಳಸುವ ವಾಹನಗಳಿಗೆ ಶುಲ್ಕ ವಿಧಿಸುವ ಅಧಿಕಾರವೂ ಕಾಯ್ದೆಯಲ್ಲೇ ಸಿಕ್ಕಿತು. ಆದ್ದರಿಂದ ನಗರದ ನಡುಭಾಗವನ್ನು ಪ್ರವೇಶಿಸುವ ವಾಹನಗಳಿಗೆ ದಿನಕ್ಕೆ 5 ಪೌಂಡ್ ದಟ್ಟಣೆ ಶುಲ್ಕ 2003ರ ಫೆಬ್ರವರಿ 17ರಂದು, ಅಂದರೆ ಮೊದಲ ಅವಧಿ ಮುಗಿಯುವುದರೊಳಗೇ, ಜಾರಿಗೆ ಬಂತು. ನ್ಯೂಯಾರ್ಕಿನಲ್ಲಿ ಮೇಯರ್ ಮೈಕೆಲ್ ಬ್ಲೂಮ್‌ಬರ್ಗ್ ಇಂಥದೇ ಪ್ರಸ್ತಾವವನ್ನು 2007ರಲ್ಲಿ ಮುಂದಿಟ್ಟರು. ಅಲ್ಲಿನ ಮೇಯರ್ ಹುದ್ದೆ ಲಂಡನ್ನಿನದಕ್ಕಿಂತ ಹಲವು ವಿಷಯಗಳಲ್ಲಿ ಬಲಶಾಲಿ. ಆದರೆ ಸುರಂಗ ರೈಲು ಮತ್ತು ಬಸ್ಸುಗಳನ್ನು ನಡೆಸುವ ಪ್ರಾಧಿಕಾರ ರಾಜ್ಯಕ್ಕೆ ಸೇರಿದ್ದು, ಶುಲ್ಕಕ್ಕೂ ರಾಜ್ಯದ ಶಾಸನಸಭೆಯ ಒಪ್ಪಿಗೆ ಬೇಕಿತ್ತು. 2008ರಲ್ಲಿ ಆ ಪ್ರಸ್ತಾವ ಶಾಸನಸಭೆಯಲ್ಲಿ ಮತಕ್ಕೇ ಬರಲಿಲ್ಲ. ರಾಜ್ಯ ಕಾನೂನು ಮಾಡಿದ್ದು 2019ರಲ್ಲಿ, ಶುಲ್ಕ ನಿಜವಾಗಿ ಆರಂಭವಾದದ್ದು 2025ರ ಜನವರಿ 5ರಂದು. ಹೆಚ್ಚುಕಡಿಮೆ ಒಂದೇ ಆಲೋಚನೆ ಕಾರ್ಯರೂಪಕ್ಕೆ ಬರುವುದರಲ್ಲಿ ಎರಡು ನಗರಗಳ ನಡುವೆ ಇಪ್ಪತ್ತೆರಡು ವರ್ಷಗಳ ವ್ಯತ್ಯಾಸವಾದುದಕ್ಕೆ ಮೇಯರ್‌ಗಳ ಸಾಮರ್ಥ್ಯಕ್ಕಿಂತ ಅಧಿಕಾರದ ಹಂಚಿಕೆಯೇ ದೊಡ್ಡ ಕಾರಣ.

ಕೆಲವು ದೇಶಗಳಲ್ಲಿ ಈ ನಕ್ಷೆ ಇನ್ನಷ್ಟು ಕಠಿಣವಾದ ಚಿತ್ರವನ್ನು ಕೊಡುತ್ತದೆ. ಭಾರತದ ಸಂವಿಧಾನಕ್ಕೆ 1992ರಲ್ಲಿ ತಂದು 1993ರಲ್ಲಿ ಜಾರಿಗೊಳಿಸಿದ 74ನೇ ತಿದ್ದುಪಡಿ ನಗರಾಡಳಿತಕ್ಕೆ ಒಪ್ಪಿಸಬಹುದಾದ 18 ವಿಷಯಗಳನ್ನು ಹನ್ನೆರಡನೇ ಅನುಸೂಚಿಯಲ್ಲಿ ಪಟ್ಟಿಮಾಡಿದೆ. ಎಷ್ಟನ್ನು ಒಪ್ಪಿಸಬೇಕೆಂಬುದನ್ನು ಮಾತ್ರ ರಾಜ್ಯಗಳ ಶಾಸಕಾಂಗಕ್ಕೆ ಬಿಟ್ಟಿದೆ. ಅಲ್ಲಿನ ಹೆಚ್ಚಿನ ಮಹಾನಗರ ಪಾಲಿಕೆಗಳಲ್ಲಿ ಕಾರ್ಯಾಂಗದ ಅಧಿಕಾರ ರಾಜ್ಯ ಸರ್ಕಾರ ನೇಮಿಸುವ ಆಯುಕ್ತರದ್ದು. ಮೇಯರ್ ಅವಧಿ ಕೆಲವು ನಗರಗಳಲ್ಲಿ ಒಂದೇ ವರ್ಷ, ಕೆಲವೆಡೆ ಎರಡೂವರೆ ವರ್ಷ. ಕೆನಡಾದ ಟೊರೊಂಟೊದಲ್ಲಿ 2018ರ ನಗರಸಭಾ ಚುನಾವಣೆಯ ಪ್ರಕ್ರಿಯೆ ನಡೆಯುತ್ತಿದ್ದಾಗಲೇ ಪ್ರಾಂತ್ಯ ಸರ್ಕಾರ ಕಾನೂನು ಮಾಡಿ ವಾರ್ಡುಗಳ ಸಂಖ್ಯೆಯನ್ನು 47ರಿಂದ 25ಕ್ಕೆ ಇಳಿಸಿತು. ತನ್ನ ಸಭೆಯ ಗಾತ್ರವನ್ನೇ ತಾನು ನಿರ್ಧರಿಸಲಾಗದ ನಗರದ ಮೇಯರ್, ಮೇಲಿನ ಸರ್ಕಾರದೊಂದಿಗಿನ ಸಂಬಂಧವನ್ನು ದಿನನಿತ್ಯದ ಕೆಲಸದ ಭಾಗವೆಂದೇ ತಿಳಿಯಬೇಕು. ಅಲ್ಲಿ ಬೇರೆ ಪಕ್ಷದ ಸರ್ಕಾರವಿದ್ದಾಗ ಇದು ಇನ್ನೂ ಹೆಚ್ಚು ಅಗತ್ಯ.

ನಕ್ಷೆ ಸಿದ್ಧವಾದ ಮೇಲೆ ಸೇವೆಗಳನ್ನು ಮೂರು ಗುಂಪು ಮಾಡಿ: ನಿಮ್ಮ ಆದೇಶದಿಂದಲೇ ಆಗುವಂಥವು, ಇನ್ನೊಬ್ಬರ ಸಹಕಾರದಿಂದ ಆಗುವಂಥವು, ಪೂರ್ತಿಯಾಗಿ ಬೇರೆಯವರವು. ಮೊದಲ ಗುಂಪಿಗೆ ಗಡುವು ಹಾಕಿ. ಮೂರನೆಯದಕ್ಕೆ ನಗರದ ಬೇಡಿಕೆಯನ್ನು ಲಿಖಿತವಾಗಿ ಸಲ್ಲಿಸಿ, ಸಲ್ಲಿಸಿದ ದಿನಾಂಕವನ್ನೂ ಬಂದ ಉತ್ತರವನ್ನೂ ಸಾರ್ವಜನಿಕವಾಗಿ ಪ್ರಕಟಿಸಿ. ಕೆಲಸ ಎಲ್ಲಿ ನಿಂತಿದೆ ಎಂಬುದು ಜನರಿಗೆ ತಿಳಿಯುತ್ತದೆ. ನಿಜವಾದ ಆಡಳಿತ ನಡೆಯುವುದು ನಡುವಿನ ಗುಂಪಿನಲ್ಲಿ. ರಸ್ತೆ ಅಗೆಯುವ ಕೆಲಸವನ್ನೇ ತೆಗೆದುಕೊಳ್ಳಿ. ಪಾಲಿಕೆ ಡಾಂಬರು ಹಾಕಿದ ತಿಂಗಳೊಳಗೆ ನೀರಿನ ಮಂಡಳಿ ಪೈಪಿಗಾಗಿ, ಮತ್ತೊಂದು ತಿಂಗಳಿಗೆ ವಿದ್ಯುತ್ ಸಂಸ್ಥೆ ಕೇಬಲ್ಲಿಗಾಗಿ ಅದೇ ರಸ್ತೆಯನ್ನು ಅಗೆಯುವುದನ್ನು ಪ್ರಪಂಚದ ಅನೇಕ ನಗರಗಳ ಜನ ಕಂಡಿದ್ದಾರೆ. ಇದನ್ನು ತಡೆಯುವ ಪ್ರಯತ್ನ ಆರಂಭಿಸಲು ಹೊಸ ಕಾನೂನಿಗಾಗಿ ಕಾಯಬೇಕಾಗಿಲ್ಲ. ಎಲ್ಲ ಸಂಸ್ಥೆಗಳೂ ಮುಂದಿನ ಹನ್ನೆರಡು ತಿಂಗಳಲ್ಲಿ ಎಲ್ಲೆಲ್ಲಿ ಅಗೆಯಲಿವೆ ಎಂಬುದನ್ನು ಒಂದೇ ವೇಳಾಪಟ್ಟಿಗೆ ಸೇರಿಸಬೇಕು. ಪಟ್ಟಿಯಲ್ಲಿಲ್ಲದ ಅಗೆತಕ್ಕೆ ತುರ್ತು ಸಂದರ್ಭವನ್ನು ಬಿಟ್ಟು ಅನುಮತಿ ಕೊಡಬಾರದು. ಆ ವೇಳಾಪಟ್ಟಿಯ ಸಭೆಗೆ ಮೇಯರ್ ಖುದ್ದಾಗಿ ಹಾಜರಿರಬೇಕು. ಮೇಯರ್ ಬರುತ್ತಾರೆ ಎಂದಾಗ ಉಳಿದ ಸಂಸ್ಥೆಗಳೂ ನಿರ್ಧಾರ ಕೈಗೊಳ್ಳಬಲ್ಲ ಅಧಿಕಾರಿಗಳನ್ನೇ ಕಳುಹಿಸುತ್ತವೆ. ಎಲ್ಲರನ್ನೂ ಒಂದೇ ಮೇಜಿಗೆ ಕರೆದು ಕೂರಿಸುವ ಈ ಶಕ್ತಿ ಯಾವ ಕಾಯ್ದೆಯಲ್ಲೂ ಬರೆದಿರುವುದಿಲ್ಲ, ಅದನ್ನು ಯಾರೂ ಕಿತ್ತುಕೊಳ್ಳಲೂ ಆಗುವುದಿಲ್ಲ.

ಹಣದ ಲೆಕ್ಕವನ್ನು ತಳದಿಂದ ಓದಿ

ಆಯವ್ಯಯದ ಭಾಷಣಕ್ಕಿಂತ ಮೊದಲು ಕೈಗೆತ್ತಿಕೊಳ್ಳಬೇಕಾದ ಕಡತ ಎಂದರೆ ಬಾಕಿ ಬಿಲ್ಲುಗಳದ್ದು. ಗುತ್ತಿಗೆದಾರರಿಗೆ ಎಷ್ಟು ಕೊಡಬೇಕಿದೆ, ಎಷ್ಟು ತಿಂಗಳಿಂದ ಬಾಕಿಯಿದೆ, ಹಣದ ಏರ್ಪಾಡಿಲ್ಲದೆ ಮಂಜೂರಾದ ಕಾಮಗಾರಿಗಳು ಯಾವುವು, ಪಿಂಚಣಿಯ ಹೊರೆ ಎಷ್ಟು ಎಂಬುದನ್ನು ಅದು ಹೇಳುತ್ತದೆ. ನ್ಯೂಯಾರ್ಕ್ ನಗರ ದಿನನಿತ್ಯದ ವೆಚ್ಚಕ್ಕೂ ಅಲ್ಪಾವಧಿ ಸಾಲ ಎತ್ತುತ್ತ ಹೋಗಿ 1975ರಲ್ಲಿ ದಿವಾಳಿಯ ಅಂಚಿಗೆ ಬಂದು ನಿಂತಿತು. ಆಗ ರಾಜ್ಯ ಸರ್ಕಾರ ಹಣಕಾಸಿನ ಮೇಲೆ ನಿಯಂತ್ರಣ ಮಂಡಳಿಯೊಂದನ್ನು ಕೂರಿಸಿದ್ದರಿಂದ ಚುನಾಯಿತ ಮೇಯರ್ ಕೈಯಿಂದ ಹಲವು ತೀರ್ಮಾನಗಳು ಜಾರಿಹೋದವು. ಲೆಕ್ಕವನ್ನು ಮುಚ್ಚಿಟ್ಟ ನಗರ ಕಳೆದುಕೊಳ್ಳುವುದು ಹಣವನ್ನಷ್ಟೇ ಅಲ್ಲ, ತನ್ನನ್ನು ತಾನು ಆಳಿಕೊಳ್ಳುವ ಹಕ್ಕನ್ನೂ.

ಹೊಸ ತೆರಿಗೆಯನ್ನು ಯೋಚಿಸುವ ಮೊದಲು ಇರುವ ತೆರಿಗೆಯ ಪಟ್ಟಿಯನ್ನು ಸರಿಪಡಿಸಬೇಕು. ವೇಗವಾಗಿ ಬೆಳೆಯುವ ನಗರದಲ್ಲಿ ಆಸ್ತಿ ತೆರಿಗೆಯ ದಾಖಲೆಗಳು ನೆಲದ ಮೇಲಿನ ವಾಸ್ತವಕ್ಕಿಂತ ಬಹಳ ಹಿಂದೆ ಬಿದ್ದಿರುತ್ತವೆ: ಮಹಡಿಗಳು ಎದ್ದಿರುತ್ತವೆ, ಮನೆ ಅಂಗಡಿಯಾಗಿರುತ್ತದೆ, ಹೊಸ ಬಡಾವಣೆಗಳು ಪಟ್ಟಿಗೇ ಬಂದಿರುವುದಿಲ್ಲ. ಸಿಯೆರಾ ಲಿಯೋನ್ ದೇಶದ ಫ್ರೀಟೌನ್‌ನಲ್ಲಿ ಮೇಯರ್ ಇವಾನ್ ಅಕಿ-ಸಾಯರ್ ಉಪಗ್ರಹ ಚಿತ್ರಗಳನ್ನು ಬಳಸಿ ಕಟ್ಟಡಗಳನ್ನು ಗುರುತಿಸಿ, ಕಣ್ಣಿಗೆ ಕಾಣುವ ಲಕ್ಷಣಗಳಿಗೆ ಅಂಕ ಕೊಟ್ಟು ತೆರಿಗೆ ನಿಗದಿಮಾಡುವ ವ್ಯವಸ್ಥೆಯನ್ನು 2020ರಲ್ಲಿ ತಂದರು. ಪಟ್ಟಿಯಲ್ಲಿದ್ದ ಆಸ್ತಿಗಳ ಸಂಖ್ಯೆ ಸುಮಾರು ದುಪ್ಪಟ್ಟಾಯಿತು, ದೊಡ್ಡ ಮನೆಗಳ ಮೇಲಿನ ತೆರಿಗೆ ಏರಿ ಚಿಕ್ಕ ಮನೆಗಳದ್ದು ಇಳಿಯಿತು. ಆದರೆ ದೇಶದ ಸರ್ಕಾರ ಆ ವಸೂಲಿಯನ್ನು ಕೆಲಕಾಲ ತಡೆಹಿಡಿಯಿತು. ಹಣದ ಸುಧಾರಣೆಗೆ ಹೊರಟಾಗಲೂ ಅಧಿಕಾರದ ನಕ್ಷೆಯನ್ನು ಪಕ್ಕದಲ್ಲೇ ಇಟ್ಟುಕೊಂಡಿರಬೇಕೆಂದು ನಾನು ಹೇಳುವುದು ಇದಕ್ಕಾಗಿಯೇ.

ಜನ ತೆರಿಗೆಯನ್ನು ದ್ವೇಷಿಸುತ್ತಾರೆ ಎಂಬ ಮಾತನ್ನು ಪೂರ್ತಿ ನಂಬಬೇಕಾಗಿಲ್ಲ. ಕೊಲಂಬಿಯಾದ ಬೊಗೋಟಾದಲ್ಲಿ ಮೇಯರ್ ಅಂಟಾನಸ್ ಮೋಕಸ್ ಶೇಕಡ 10ರಷ್ಟು ತೆರಿಗೆಯನ್ನು ಸ್ವಇಚ್ಛೆಯಿಂದ ಹೆಚ್ಚಾಗಿ ಕೊಡಿರೆಂದು ಕೇಳಿದಾಗ ಅರುವತ್ತು ಸಾವಿರಕ್ಕೂ ಹೆಚ್ಚು ಮಂದಿ ಕೊಟ್ಟರು. ಹಣ ಎಲ್ಲಿಗೆ ಹೋಗುತ್ತದೆ ಎಂಬುದು ಕಾಣುವಂತಿದ್ದರೆ ಕೊಡುವ ಕೈಗಳು ಇವೆ ಎಂಬುದಕ್ಕೆ ಇದು ಸಾಕ್ಷಿ. ಇನ್ನು ಖರ್ಚಿನ ವಿಷಯದಲ್ಲಿ ಒಂದೇ ಒಂದು ನಿಯಮವನ್ನು ಬಿಗಿಯಾಗಿ ಹಿಡಿಯಿರಿ: ಯಾವ ಸೇತುವೆಗೂ ಉದ್ಯಾನಕ್ಕೂ ಮಂಜೂರಾತಿ ಕೊಡುವಾಗ ಅದರ ಮುಂದಿನ ಹತ್ತು ವರ್ಷಗಳ ನಿರ್ವಹಣಾ ವೆಚ್ಚವನ್ನೂ ಅದೇ ಕಡತದಲ್ಲಿ ಬರೆಸಿ.

ಸಣ್ಣ ದೂರುಗಳನ್ನು ದೊಡ್ಡದಾಗಿ ಕಾಣಿ

1979ರ ಜನವರಿಯಲ್ಲಿ ಶಿಕಾಗೋದಲ್ಲಿ ಭಾರಿ ಹಿಮಪಾತವಾಯಿತು. ರಸ್ತೆಗಳ ಹಿಮ ತೆರವಾಗಲಿಲ್ಲ. ಕಪ್ಪುಜನರು ಹೆಚ್ಚಾಗಿ ವಾಸಿಸುವ ಬಡಾವಣೆಗಳ ಕೆಲವು ನಿಲ್ದಾಣಗಳಲ್ಲಿ ನಿಲ್ಲದೆಯೇ ರೈಲುಗಳು ಮುಂದೆ ಸಾಗಿದವು. ಮರು ತಿಂಗಳು ನಡೆದ ಪಕ್ಷದೊಳಗಿನ ಆಯ್ಕೆಯಲ್ಲಿ ಅಧಿಕಾರದಲ್ಲಿದ್ದ ಮೇಯರ್ ಮೈಕೆಲ್ ಬಿಲಾಂಡಿಕ್ ಅವರನ್ನು ಜೇನ್ ಬರ್ನ್ ಸೋಲಿಸಿದರು. ಜನರು ನಗರಾಡಳಿತವನ್ನು ಅಳೆಯುವುದು ತಮ್ಮ ಮನೆಯ ಮುಂದಿನ ನೂರು ಹೆಜ್ಜೆಗಳಲ್ಲಿ, ಮತ್ತು ಅಳೆಯುವಾಗ ಪಕ್ಕದ ಬಡಾವಣೆಗೆ ಏನು ಸಿಕ್ಕಿತು ಎಂಬುದನ್ನೂ ನೋಡುತ್ತಾರೆ.

ದೂರುಗಳಿಗೆ ಒಂದೇ ದೂರವಾಣಿ ಸಂಖ್ಯೆ ಇರಲಿ. ನ್ಯೂಯಾರ್ಕ್ 2003ರಲ್ಲಿ 311 ಸಂಖ್ಯೆಯನ್ನು ಆರಂಭಿಸಿದಾಗ, ಯಾವ ಕೆಲಸ ಯಾವ ಇಲಾಖೆಯದ್ದೆಂದು ನಾಗರಿಕರೇ ಪತ್ತೆಮಾಡಬೇಕಾದ ಕಷ್ಟ ತಪ್ಪಿತು. ಪ್ರತಿ ಬಗೆಯ ದೂರಿಗೂ ಗಡುವು ನಿಗದಿಮಾಡಿ ಪ್ರಕಟಿಸಬೇಕು. ದೂರು ಕೊಟ್ಟವರು ಸರಿಯಾಯಿತೆಂದು ಒಪ್ಪುವವರೆಗೆ ಅದನ್ನು ಮುಗಿಸಿದ ಪಟ್ಟಿಗೆ ಸೇರಿಸಬಾರದು. ಈ ಒಂದು ನಿಯಮವಿಲ್ಲದಿದ್ದರೆ ಅಂಕಿಅಂಶಗಳು ಸುಂದರವಾಗಿಯೂ ರಸ್ತೆಗಳು ಹಾಳಾಗಿಯೂ ಇರುತ್ತವೆ. ಬಾಲ್ಟಿಮೋರ್ ನಗರದಲ್ಲಿ ಮೇಯರ್ ಮಾರ್ಟಿನ್ ಓಮಾಲಿ 2000ದಲ್ಲಿ ಸಿಟಿಸ್ಟಾಟ್ ಎಂಬ ಪದ್ಧತಿಯನ್ನು ತಂದರು: ಇಲಾಖೆಯ ಮುಖ್ಯಸ್ಥರು ಕೆಲವು ವಾರಗಳಿಗೊಮ್ಮೆ ಮೇಯರ್ ಅಥವಾ ಅವರ ಹಿರಿಯ ಸಹಾಯಕರ ಮುಂದೆ ನಿಂತು, ಗೈರುಹಾಜರಿಯಿಂದ ಹಿಡಿದು ರಸ್ತೆಗುಂಡಿಗಳವರೆಗೆ ಅಂಕಿಗಳಿಗೆ ಉತ್ತರ ಕೊಡಬೇಕಿತ್ತು. ಇಂಥ ಸಭೆಯಲ್ಲಿ ಅಧಿಕಾರಿಯನ್ನು ಅವಮಾನಿಸುವುದಕ್ಕಿಂತ ಕಳೆದ ಸಭೆಯಲ್ಲಿ ಒಪ್ಪಿಕೊಂಡದ್ದನ್ನು ಮತ್ತೆ ಕೇಳುವುದೇ ಹೆಚ್ಚು ಫಲ ಕೊಡುತ್ತದೆ.

ಒಂದು ಎಚ್ಚರಿಕೆಯನ್ನು ಇಲ್ಲಿ ಹೇಳಲೇಬೇಕು. ದೂರುಗಳು ಹೆಚ್ಚು ಬರುವುದು ಬಿಡುವು, ಓದು ಮತ್ತು ಧೈರ್ಯ ಇರುವವರ ಬಡಾವಣೆಗಳಿಂದ. ಕೊಳೆಗೇರಿಯಿಂದ ದೂರು ಬಂದಿಲ್ಲವೆಂದರೆ ಅಲ್ಲಿ ಎಲ್ಲವೂ ಸರಿಯಿದೆ ಎಂದಲ್ಲ, ಹೇಳಿ ಪ್ರಯೋಜನವಿಲ್ಲವೆಂದು ಜನ ತೀರ್ಮಾನಿಸಿದ್ದಾರೆ ಎಂದಿರಬಹುದು. ಆದ್ದರಿಂದ ದೂರುಗಳ ನಕ್ಷೆಯಲ್ಲಿ ಖಾಲಿಯಾಗಿ ಕಾಣುವ ಜಾಗಗಳಿಗೆ ಮೇಯರ್ ತಾವೇ ಹೋಗಬೇಕು, ಹೋಗುವಾಗ ಮುಂಚಿತವಾಗಿ ತಿಳಿಸದೆ ಹೋಗಬೇಕು. ಇದೇ ಕಾರಣಕ್ಕೆ ಹಣ ಹಂಚುವಾಗಲೂ ಬಡಾವಣೆಗಳ ಮಾತನ್ನು ನೇರವಾಗಿ ಕೇಳುವ ಏರ್ಪಾಡು ಬೇಕು. ಬ್ರೆಜಿಲ್ ದೇಶದ ಪೋರ್ಟೊ ಅಲೆಗ್ರೆ ನಗರ 1989ರಲ್ಲಿ ಆರಂಭಿಸಿದ ಸಹಭಾಗಿ ಆಯವ್ಯಯದಲ್ಲಿ ಬಂಡವಾಳ ವೆಚ್ಚದ ಆದ್ಯತೆಗಳನ್ನು ಬಡಾವಣೆಗಳ ಸಭೆಗಳೇ ಗೊತ್ತುಪಡಿಸಿದವು, ಸೌಕರ್ಯ ಕಡಿಮೆಯಿದ್ದ ಭಾಗಗಳಿಗೆ ಹೆಚ್ಚಿನ ತೂಕ ಕೊಡುವ ಸೂತ್ರವೂ ಅದರಲ್ಲಿತ್ತು. ಆ ಸೂತ್ರವಿಲ್ಲದೆ ಸಭೆಗಳನ್ನಷ್ಟೇ ನಡೆಸಿದರೆ ಗಟ್ಟಿ ದನಿಯ ಬಡಾವಣೆಯೇ ಗೆಲ್ಲುತ್ತದೆ.

ಗಡಿಯಾಚೆಯ ನಗರ

ನಗರ ಬೆಳೆದಂತೆ ಪಾಲಿಕೆಯ ಗಡಿ ಬೆಳೆಯುವುದಿಲ್ಲ. ಪ್ಯಾರಿಸ್ ನಗರದ ಆಡಳಿತಕ್ಕೆ ಸೇರಿದ್ದು ಸುಮಾರು 105 ಚದರ ಕಿಲೋಮೀಟರ್, ಇಪ್ಪತ್ತು ಲಕ್ಷಕ್ಕೆ ತುಸು ಹೆಚ್ಚು ಜನ; ಸುತ್ತಲಿನ ಇಲ್ ದ ಫ್ರಾನ್ಸ್ ಪ್ರದೇಶದಲ್ಲಿ ಇರುವವರು ಒಂದು ಕೋಟಿ ಇಪ್ಪತ್ತು ಲಕ್ಷದಷ್ಟು. ಮೇಯರ್ ಅವರನ್ನು ಆರಿಸುವವರು ಒಳಗಿನವರು, ಪ್ರತಿದಿನ ಬೆಳಿಗ್ಗೆ ರೈಲು ಮತ್ತು ಕಾರುಗಳಲ್ಲಿ ಬಂದು ನಗರವನ್ನು ನಡೆಸುವವರಲ್ಲಿ ಬಹಳ ಮಂದಿ ಹೊರಗಿನವರು. ಟೋಕಿಯೊ ಬೇರೆ ದಾರಿ ಹಿಡಿಯಿತು: 1943ರಲ್ಲಿ ನಗರವನ್ನೂ ಪ್ರಾಂತ್ಯವನ್ನೂ ಒಂದುಗೂಡಿಸಿ ಮಹಾನಗರ ಆಡಳಿತ ಮಾಡಲಾಯಿತು, ಇಂದು ಇಡೀ ಮಹಾನಗರಕ್ಕೆ ಒಬ್ಬ ಗವರ್ನರ್ ಇದ್ದರೆ, ಒಳಗಿನ 23 ವಿಶೇಷ ವಾರ್ಡುಗಳಿಗೆ ಜನರೇ ಆರಿಸಿದ ತಮ್ಮವೇ ಮುಖ್ಯಸ್ಥರು ಇದ್ದಾರೆ. ನೀರು ಮತ್ತು ಒಳಚರಂಡಿಯಂಥ ದೊಡ್ಡ ಜಾಲಗಳು ಮೇಲಿನ ಹಂತದಲ್ಲಿ, ಮನೆಬಾಗಿಲಿನ ಸೇವೆಗಳು ಕೆಳಗಿನ ಹಂತದಲ್ಲಿ ಇರುವ ಈ ಹಂಚಿಕೆ ನನಗೆ ಹೆಚ್ಚು ವಿವೇಕದ್ದಾಗಿ ಕಾಣುತ್ತದೆ. ಆದರೆ ಅಂಥ ಪುನರ್ರಚನೆ ಯಾವ ಮೇಯರ್ ಒಬ್ಬರ ಅವಧಿಯಲ್ಲೂ ಅವರ ಕೈಯಿಂದಷ್ಟೇ ಆಗುವ ಕೆಲಸವಲ್ಲ. ಅಲ್ಲಿಯವರೆಗೆ ನೆರೆಯ ಪುರಸಭೆಗಳೊಂದಿಗೆ ಒಂದು ಬಾರಿಗೆ ಒಂದೇ ವಿಷಯವನ್ನು ಎತ್ತಿಕೊಳ್ಳಿ. ಮೊದಲು ಎರಡೂ ಕಡೆಗೆ ಚಲಿಸುವ ಒಂದೇ ಬಸ್ ಟಿಕೆಟ್ ಅಥವಾ ಒಂದು ಕಾಲುವೆಯ ಹೂಳೆತ್ತುವಿಕೆಯಂಥ, ಒಂದು ವರ್ಷದೊಳಗೆ ಕಣ್ಣಿಗೆ ಕಾಣುವ ಕೆಲಸ ಆಗಲಿ.

ದೊಡ್ಡ ಬದಲಾವಣೆಯನ್ನು ತರುವ ಕ್ರಮ

ಪ್ರತಿ ಮೇಯರ್ ಒಂದು ಅವಧಿಯಲ್ಲಿ ಒಂದು, ಹೆಚ್ಚೆಂದರೆ ಎರಡು ದೊಡ್ಡ ಬದಲಾವಣೆಗಳನ್ನು ಮಾತ್ರ ಆರಿಸಿಕೊಳ್ಳಬೇಕು. ಆರಿಸಿದ ಮೇಲೆ ಕ್ರಮ ಮುಖ್ಯ. ಲಂಡನ್ ಶುಲ್ಕ ವಿಧಿಸುವ ಮೊದಲು ಬಸ್ಸುಗಳನ್ನು ಹೆಚ್ಚಿಸಿತು. ಕಾರು ಬಿಟ್ಟವರಿಗೆ ಮೊದಲ ದಿನವೇ ಹತ್ತಲು ಬಸ್ಸಿತ್ತು. ಸ್ಟಾಕ್‌ಹೋಮ್ 2006ರ ಜನವರಿಯಿಂದ ಜುಲೈವರೆಗೆ ದಟ್ಟಣೆ ಶುಲ್ಕವನ್ನು ಪ್ರಯೋಗವಾಗಿ ನಡೆಸಿ, ನಿಲ್ಲಿಸಿ, ಸೆಪ್ಟೆಂಬರಿನಲ್ಲಿ ಜನಮತ ಕೇಳಿತು. ಆರಂಭದಲ್ಲಿ ವಿರೋಧಿಸಿದ್ದ ನಗರ, ಸಂಚಾರ ಸುಮಾರು ಐದನೇ ಒಂದರಷ್ಟು ಇಳಿದದ್ದನ್ನು ಕಣ್ಣಾರೆ ಕಂಡ ಮೇಲೆ ಒಪ್ಪಿಗೆ ಕೊಟ್ಟಿತು. 2007ರ ಆಗಸ್ಟಿನಲ್ಲಿ ಶುಲ್ಕ ಕಾಯಂ ಆಯಿತು. ಹೊಸದರ ಭಯ ವಾದದಿಂದ ಹೋಗದಿದ್ದಾಗ ಅನುಭವದಿಂದ ಹೋಗಬಹುದು.

ಬ್ರೆಜಿಲ್ ದೇಶದ ಕುರಿಟಿಬಾ ನಗರದ ಉದಾಹರಣೆ ಇದಕ್ಕೆ ವಿರುದ್ಧವಾದ ದಾರಿಯದ್ದು. 1972ರಲ್ಲಿ ಅಲ್ಲಿನ ಮೇಯರ್ ಜೈಮೆ ಲರ್ನರ್ ನಗರದ ಮುಖ್ಯ ವ್ಯಾಪಾರ ಬೀದಿಯನ್ನು ಒಂದು ವಾರಾಂತ್ಯದಲ್ಲಿ, ಸುಮಾರು 72 ಗಂಟೆಗಳಲ್ಲಿ, ಪಾದಚಾರಿಗಳ ಬೀದಿಯಾಗಿ ಮಾರ್ಪಡಿಸಿಬಿಟ್ಟರು. ವಿರೋಧಿಸಿದ್ದ ವ್ಯಾಪಾರಿಗಳಲ್ಲಿ ಹಲವರು ವ್ಯಾಪಾರ ಹೆಚ್ಚಿದ್ದನ್ನು ನೋಡಿ ಬೀದಿಯನ್ನು ಇನ್ನಷ್ಟು ವಿಸ್ತರಿಸಲು ಕೇಳಿದರು. ಆದರೆ ಲರ್ನರ್ ಆಗ ಸೇನಾ ಆಳ್ವಿಕೆಯ ಕಾಲದಲ್ಲಿ ನೇಮಕಗೊಂಡ ಮೇಯರ್ ಆಗಿದ್ದರೆಂಬುದನ್ನು ಈ ಕಥೆಯನ್ನು ಮೆಚ್ಚಿ ಹೇಳುವವರು ಮರೆಯಬಾರದು. ಚುನಾಯಿತ ಆಡಳಿತದಲ್ಲಿ, ಮುಖ್ಯವಾಗಿ ಬೀದಿ ವ್ಯಾಪಾರಿಗಳ ಮತ್ತು ಬಾಡಿಗೆದಾರರ ಬದುಕು ಅಲುಗಾಡುವ ಕಡೆ, ನಾನು ಸ್ಟಾಕ್‌ಹೋಮ್ ದಾರಿಯನ್ನೇ ಸೂಚಿಸುತ್ತೇನೆ. ಹಿಂತೆಗೆಯಬಹುದಾದ ಬದಲಾವಣೆಯನ್ನು ವೇಗವಾಗಿ ಮಾಡಿ ನೋಡಬಹುದು. ಮನೆ ಒಡೆಯುವುದು, ಮರ ಕಡಿಯುವುದು, ಕೆರೆ ಮುಚ್ಚುವುದು ಹಿಂತೆಗೆಯಲಾಗದವು, ಅವುಗಳ ವಿಷಯದಲ್ಲಿ ಅವಸರಕ್ಕೆ ಎಡೆಯಿಲ್ಲ.

ಜನರ ನಡತೆಯೇ ಬದಲಾಗಬೇಕಾದಲ್ಲಿ ದಂಡವೊಂದೇ ಸಾಧನವಲ್ಲ. ಮೋಕಸ್ 1995ರಲ್ಲಿ ಮೊದಲ ಬಾರಿ ಮೇಯರ್ ಆದಾಗ ಬೊಗೋಟಾದ ರಸ್ತೆದಾಟುಗಳಲ್ಲಿ ಮೂಕಾಭಿನಯದ ಕಲಾವಿದರನ್ನು ನಿಲ್ಲಿಸಿ, ನಿಯಮ ಮುರಿದವರನ್ನು ಮಾತಿಲ್ಲದೆ ತಿದ್ದಿಸಿದರು. ಎರಡು ವರ್ಷಗಳ ಬಳಿಕ ನಗರಕ್ಕೆ ನೀರು ತರುವ ಸುರಂಗ ಕುಸಿದಾಗ, ಸ್ನಾನಮಾಡುತ್ತ ಸೋಪು ಹಚ್ಚುವಾಗ ನಲ್ಲಿ ನಿಲ್ಲಿಸುವುದನ್ನು ತಾವೇ ದೂರದರ್ಶನದಲ್ಲಿ ಮಾಡಿ ತೋರಿಸಿದರು. ಕಠಿಣವಾದ ಸರದಿ ಪೂರೈಕೆಯಿಲ್ಲದೆ ನೀರಿನ ಬಳಕೆ ಇಳಿಯಿತು. 2018ರಲ್ಲಿ ಕೇಪ್‌ಟೌನ್ ಬರದಿಂದ ನಲ್ಲಿಗಳನ್ನೇ ಮುಚ್ಚಬೇಕಾದ ದಿನದತ್ತ ಸಾಗುತ್ತಿದ್ದಾಗ, ತಲಾ ದಿನಕ್ಕೆ 50 ಲೀಟರ್ ಮಿತಿ ಹಾಕಿ, ಜಲಾಶಯಗಳ ಮಟ್ಟವನ್ನು ಮತ್ತೆ ಮತ್ತೆ ಪ್ರಕಟಿಸುತ್ತ ಮಳೆ ಬರುವವರೆಗೆ ನೀರನ್ನು ಉಳಿಸಿಕೊಂಡಿತು. ಅಲ್ಲಿನ ಜಲಾಶಯಗಳಲ್ಲಿ ಅತಿ ದೊಡ್ಡವು ದೇಶದ ಸರ್ಕಾರಕ್ಕೆ ಸೇರಿದವಾಗಿದ್ದರೂ ಮನೆಗಳಲ್ಲಿ ನೀರು ಖರ್ಚಾಗುವ ರೀತಿಯನ್ನು ಬದಲಿಸುವ ಹೊಣೆ ಬಿದ್ದದ್ದು ನಗರದ ಮೇಲೆ. ವಿಪತ್ತಿನಲ್ಲಿ ಮೇಯರ್ ಪ್ರತಿದಿನ ಒಂದೇ ಹೊತ್ತಿಗೆ ಜನರ ಮುಂದೆ ಬಂದು ತಿಳಿದಷ್ಟನ್ನು ಹೇಳಬೇಕು, ತಿಳಿಯದ್ದನ್ನು ತಿಳಿಯದೆಂದೇ ಹೇಳಬೇಕು. ಹುಸಿ ಭರವಸೆಗೆ ಒಮ್ಮೆ ಸಿಕ್ಕಿದ ಜನ ಮರುದಿನದ ನಿಜವಾದ ಎಚ್ಚರಿಕೆಯನ್ನೂ ನಂಬುವುದಿಲ್ಲ.

ಅವಧಿಯ ಕೊನೆಯ ಆರು ತಿಂಗಳು

ಕೊಲಂಬಿಯಾದಲ್ಲಿ ಮೇಯರ್ ಆದವರು ಬೆನ್ನಿಗೇ ಮತ್ತೊಮ್ಮೆ ಸ್ಪರ್ಧಿಸುವಂತಿಲ್ಲ. ಹಾಗಾಗಿ ಬೊಗೋಟಾದ ಸಾಧನೆಗಳು ಒಬ್ಬರಿಂದ ಇನ್ನೊಬ್ಬರ ಕೈಗೆ ದಾಟುತ್ತಲೇ ಬೆಳೆದವು: ಮೋಕಸ್ ನಂತರ ಸ್ವಲ್ಪ ಕಾಲದಲ್ಲೇ ಎನ್ರಿಕೆ ಪೆನ್ಯಲೋಸಾ ಬಂದರು, 2000ದ ಡಿಸೆಂಬರಿನಲ್ಲಿ ಟ್ರಾನ್ಸ್‌ಮಿಲೇನಿಯೊ ಬಸ್ ಜಾಲವನ್ನು ಆರಂಭಿಸಿ ಹೋದರು, ಬೇರೆಯ ಸ್ವಭಾವದವರಾದ ಮೋಕಸ್ 2001ರಲ್ಲಿ ಮರಳಿ ಬಂದಾಗ ಅದನ್ನು ಕೆಡವಲಿಲ್ಲ, ಮುಂದುವರಿಸಿದರು. ಹಿಂದಿನವರ ಒಳ್ಳೆಯ ಕಾಮಗಾರಿಯನ್ನು ಅವರ ಹೆಸರಿನ ಸಮೇತ ಪೂರ್ಣಗೊಳಿಸುವುದು ಮೇಯರ್ ಒಬ್ಬರು ಮಾಡಬಹುದಾದ ಅತ್ಯಂತ ಮಿತವ್ಯಯದ ಅಭಿವೃದ್ಧಿ ಕೆಲಸ.

ಅದೇ ಗೌರವವನ್ನು ಮುಂದೆ ಬರುವವರಿಗೂ ತೋರಿಸಬೇಕು. ಕೊನೆಯ ಆರು ತಿಂಗಳಲ್ಲಿ ಹೊಸ ಶಂಕುಸ್ಥಾಪನೆಗಳನ್ನು ನಿಲ್ಲಿಸಿ, ಹಸ್ತಾಂತರದ ಕಡತವನ್ನು ಸಿದ್ಧಪಡಿಸಿ. ನಡೆಯುತ್ತಿರುವ ಪ್ರತಿ ಕಾಮಗಾರಿಯ ಸ್ಥಿತಿ, ಅದಕ್ಕೆ ಇನ್ನೂ ಬೇಕಾದ ಹಣ, ನ್ಯಾಯಾಲಯದಲ್ಲಿರುವ ವ್ಯಾಜ್ಯಗಳು, ಗುತ್ತಿಗೆಗಳು ಮುಗಿಯುವ ದಿನಾಂಕಗಳು, ಮೇಲಿನ ಸರ್ಕಾರದಿಂದ ಉತ್ತರ ಬಾರದ ಪತ್ರಗಳು, ನೆರೆಯ ಪುರಸಭೆಗಳೊಂದಿಗೆ ಬಾಯಿಮಾತಿನಲ್ಲಿ ಆಗಿರುವ ಒಪ್ಪಂದಗಳು, ಜತೆಗೆ ನೀವು ಪ್ರಯತ್ನಿಸಿ ಸೋತ ಕೆಲಸಗಳು ಮತ್ತು ಸೋತ ಕಾರಣಗಳು ಅದರಲ್ಲಿರಲಿ. ಮೊದಲ ವಾರ ಬರೆದ ಅಧಿಕಾರದ ನಕ್ಷೆಯನ್ನು ಈಗಿನ ಅನುಭವದಿಂದ ತಿದ್ದಿ, ಆ ಕಡತದ ಮೊದಲ ಹಾಳೆಯಾಗಿ ಹಾಕಿ.